‘ಇಂಚರ’: ಒಂದು ಹೆಣ್ಣುಹೆಸರಿನ ಶಬ್ದಮೂಲ ಮತ್ತು ಸಾಂಸ್ಕೃತಿಕ ಹಿನ್ನೆಲೆ

೧

ಕನ್ನಡದಲ್ಲಿ ನಾಮವಿಜ್ಞಾನದ ಅಧ್ಯಯನವು ಸ್ಥಳನಾಮಗಳ ಕಡೆಗೆ ಹೆಚ್ಚು ಒಲಿದಿದೆ. ವ್ಯಕ್ತಿನಾಮಗಳ ವಿಚಾರ ಬಂದಾಗಲೂ ವಿದ್ವಾಂಸರ ಗಮನ ಸಹಜವಾಗಿಯೇ ಶಾಸನಗಳ ಹೆಸರುಗಳ ಮೇಲೆ, ಅದರಲ್ಲಿಯೂ ಅರಸರು, ದಂಡನಾಯಕರು, ಕವಿಗಳು, ದಾನಿಗಳು ಇವರ ಹೆಸರುಗಳ ಮೇಲೆ ನೆಲೆಗೊಂಡಿದೆ. ಎಂ. ಎಂ. ಕಲಬುರ್ಗಿಯವರ ‘ಕನ್ನಡ ನಾಮವಿಜ್ಞಾನ’ದಂತಹ ಕೃತಿಗಳು ಈ ಕ್ಷೇತ್ರಕ್ಕೆ ಶಾಸ್ತ್ರೀಯವಾದ ತಳಹದಿಯನ್ನು ಒದಗಿಸಿವೆ. ಆದರೆ ನಮ್ಮ ಕಾಲದಲ್ಲಿ, ನಮ್ಮ ಕಣ್ಣೆದುರಿಗೇ ಹುಟ್ಟಿ ಶಾಲೆಯ ಹಾಜರಿ ಪುಸ್ತಕವನ್ನು ಸೇರುತ್ತಿರುವ ಹೊಸ ಹೆಸರುಗಳನ್ನು ಭಾಷಾಶಾಸ್ತ್ರದ ದೃಷ್ಟಿಯಿಂದ ಪರಿಶೀಲಿಸುವ ಪ್ರಯತ್ನ ಅಷ್ಟಾಗಿ ನಡೆದಿಲ್ಲ. ಹೊಸ ಹೆಸರು ಎಂದರೆ ಅದು ಫ್ಯಾಷನ್ನಿನ ಮಾತು, ಅದಕ್ಕೆ ಇತಿಹಾಸವಿಲ್ಲ ಎಂಬ ತಾತ್ಸಾರವೇ ಇದಕ್ಕೆ ಕಾರಣವಿರಬೇಕು. ಪ್ರಸ್ತುತ ಲೇಖನದಲ್ಲಿ ಅಂತಹ ಒಂದು ಹೆಸರನ್ನು, ಎಂದರೆ ‘ಇಂಚರ’ ಎಂಬ ವಿರಳವಾದ ಹೆಣ್ಣುಹೆಸರನ್ನು, ಎತ್ತಿಕೊಂಡು ಅದರ ರಚನೆ, ಅರ್ಥ ಮತ್ತು ಹಿನ್ನೆಲೆಗಳನ್ನು ವಿವೇಚಿಸಲಾಗಿದೆ.

‘ಇಂಚರ’ ಎಂದರೇನು ಎಂದು ಕೇಳಿದರೆ ‘ಹಕ್ಕಿಗಳ ಹಾಡು’, ‘ಕೋಗಿಲೆಯ ದನಿ’ ಎಂಬ ಉತ್ತರ ಸಾಮಾನ್ಯವಾಗಿ ದೊರೆಯುತ್ತದೆ. ಈ ಉತ್ತರ ತಪ್ಪಲ್ಲ. ಆದರೆ ಪೂರ್ಣವೂ ಅಲ್ಲ. ಪದವನ್ನು ಬಿಡಿಸಿ ಹೇಳಿ ಎಂದರಂತೂ ತೊಡಕು ಇನ್ನೂ ಹೆಚ್ಚುತ್ತದೆ. ‘ಇಂ’ ಎಂದರೆ ಇಂಪು ಎಂದು ಊಹಿಸುವವರು ‘ಚರ’ ಎಂಬಲ್ಲಿಗೆ ಬಂದು ನಿಲ್ಲುತ್ತಾರೆ. ಸಂಸ್ಕೃತ ಬಲ್ಲವರಿಗೆ ಅಲ್ಲಿ ‘ಚರಿಸು’ ಧಾತುವೇ ಕಾಣುತ್ತದೆ. ಹಾಗೆ ಬಿಡಿಸಿದರೆ ಹೆಸರು ಖೇಚರ, ಜಲಚರ, ವನಚರಗಳ ಸಾಲಿಗೆ ಹೋಗಿ ಸೇರುತ್ತದೆ. ಆ ಸಾಲಿನಲ್ಲಿ ನಿಶಾಚರನೂ ಇದ್ದಾನೆ ಎಂಬುದನ್ನು ನೆನೆದರೆ ಯಾವ ತಾಯಿತಂದೆಗಳೂ ಈ ವ್ಯುತ್ಪತ್ತಿಯನ್ನು ಒಪ್ಪಲಾರರು. ನಿಜವಾಗಿ ಈ ಪದದಲ್ಲಿ ಚಲನೆಯ ಅರ್ಥವೇ ಇಲ್ಲ.

೨

‘ಇಂಚರ’ವು ಎರಡು ಪದಗಳ ಸಮಾಸ. ಪೂರ್ವಪದ ‘ಇನಿದು’; ಉತ್ತರಪದ ‘ಸರ’. ಇನಿದಾದ ಸರವೇ ಇಂಚರ; ಇದು ಗುಣವಾಚಕ ಪೂರ್ವಪದವುಳ್ಳ ಕರ್ಮಧಾರಯ.

‘ಇನಿದು’ ಎಂಬುದು ಅಚ್ಚಗನ್ನಡದ ಗುಣವಾಚಕ. ಸಮಾಸದಲ್ಲಿ ಪೂರ್ವಪದವಾಗಿ ಬಂದಾಗ ಅದು ‘ಇನ್’ ಎಂದು ಕಿರಿದಾಗುತ್ತದೆ. ನುಣ್ಣಿತು, ತಣ್ಣಿತು ಮೊದಲಾದ ಗುಣವಾಚಕಗಳೂ ಹೀಗೆಯೇ ನುಣ್, ತಣ್ ಎಂಬ ರೂಪ ತಾಳುತ್ತವೆ. ‘ಇನ್’ನಿಂದಾದ ಪದಗಳ ಬಳಗ ಹಳಗನ್ನಡದಲ್ಲಿ ದೊಡ್ಡದಾಗಿಯೇ ಇದೆ. ಹಾಲುಗಡಲಿಗೆ ‘ಇಂಗಡಲ್’ ಎಂದು ಹೆಸರು; ಸಿಹಿಯಾದ ಮಾವು ‘ಇಮ್ಮಾವು’. ಹೊಸಗನ್ನಡಕ್ಕೆ ಉಳಿದುಬಂದವುಗಳಲ್ಲಿ ‘ಇಂಪು’, ‘ಇನಿಯ’, ‘ಇನಿದನಿ’ ಮುಖ್ಯವಾದುವು. ಇವುಗಳಲ್ಲಿ ‘ಇನಿಯ’ ಶಬ್ದವನ್ನು ವಿಶೇಷವಾಗಿ ಗಮನಿಸಬೇಕು. ನಾಲಗೆಗೆ ಸಿಹಿಯಾದುದು, ಕಿವಿಗೆ ಹಿತವಾದುದು, ಮನಸ್ಸಿಗೆ ಪ್ರಿಯನಾದವನು ಎಂಬ ಮೂರು ಅರ್ಥಗಳೂ ಒಂದೇ ಮೂಲದಿಂದ ಕವಲೊಡೆದಿವೆ.

ಈ ಮೂಲ ಕನ್ನಡಕ್ಕೆ ಮಾತ್ರ ಸೇರಿದುದಲ್ಲ. ತಮಿಳಿನ ಇನಿಯ, ಇನಿಮೈ, ಇನ್ಬಮ್ ಎಂಬುವು ಇದರ ಜ್ಞಾತಿಪದಗಳು. ತಿರುಕ್ಕುಱಳಿನ ಹತ್ತನೆಯ ಅಧಿಕಾರಕ್ಕೆ ‘ಇನಿಯವೈ ಕೂಱಲ್’, ಎಂದರೆ ಇನಿದಾದುದನ್ನು ನುಡಿಯುವುದು, ಎಂಬ ಹೆಸರಿದೆ. ತೆಲುಗಿನಲ್ಲಿಯೂ ‘ಇಂಪು’ ಇದೆ. ತಮಿಳಿನಲ್ಲಿ ‘ಇನಿಯಾ’ ಎಂದು ಹೆಣ್ಣುಮಕ್ಕಳಿಗೆ ಹೆಸರಿಡುವುದುಂಟು. ಆದ್ದರಿಂದ ಇಂಚರ ಮತ್ತು ಇನಿಯಾ ಎಂಬ ಹೆಸರಿನ ಇಬ್ಬರು ಹುಡುಗಿಯರು ಬೆಂಗಳೂರಿನ ಒಂದೇ ತರಗತಿಯಲ್ಲಿ ಅಕ್ಕಪಕ್ಕ ಕುಳಿತಿದ್ದರೆ, ಅವರ ಹೆಸರುಗಳು ಭಾಷಾಶಾಸ್ತ್ರದ ಲೆಕ್ಕದಲ್ಲಿ ಅಕ್ಕತಂಗಿಯರೇ ಸರಿ.

ಇನ್ನು ಉತ್ತರಪದ. ‘ಸರ’ ಎಂಬುದು ಸಂಸ್ಕೃತ ‘ಸ್ವರ’ದ ತದ್ಭವ. ಪದಾದಿಯ ಸಂಯುಕ್ತಾಕ್ಷರದಲ್ಲಿ ವಕಾರವು ಲೋಪವಾಗುವುದು ಪ್ರಾಕೃತದಿಂದಲೇ ಬಂದ ಬದಲಾವಣೆ. ಸ್ವರ್ಗವು ಸಗ್ಗವಾದುದು, ಸ್ವಾಮಿಯು ಸಾಮಿಯಾದುದು, ಧ್ವನಿಯು ದನಿಯಾದುದು ಎಲ್ಲವೂ ಇದೇ ಬಗೆಯವು. ಧ್ವನಿಯ ತದ್ಭವವಾದ ‘ದನಿ’ ಇಂದಿಗೂ ನಮ್ಮ ಬಾಯಲ್ಲಿ ಬದುಕಿದೆ. ಸ್ವರದ ತದ್ಭವವಾದ ‘ಸರ’ ಮಾತ್ರ ಸ್ವತಂತ್ರ ಪದವಾಗಿ ಮರೆಯಾಯಿತು. ಇದಕ್ಕೆ ಕಾರಣ ಊಹಿಸಬಹುದು. ಕೊರಳಿನ ಹಾರವೂ ಸರ, ಬಾಣದ ತದ್ಭವವೂ ಸರ, ಕೊಳವೂ ಸರ. ಇಷ್ಟೊಂದು ಸಮರೂಪಗಳ ನಡುವೆ ಕೊರಳಿನ ದನಿಗೆ ಜಾಗ ಉಳಿಯಲಿಲ್ಲ. ಕೊರಳಿನ ಹಾರವೇ ಗೆದ್ದಿತು. ಹೀಗೆ ಒಂಟಿಯಾಗಿ ಅಳಿದುಹೋದ ಪದವು ಸಮಾಸದ ಒಳಗೆ, ಅದೂ ಮುಖ ಮರೆಸಿಕೊಂಡು, ಉಳಿದಿದೆ. ‘ಇಂಚರ’ದ ಅರ್ಥ ಬಿಡಿಸಲು ಕಷ್ಟವಾಗುವುದು ಈ ಕಾರಣದಿಂದಲೇ.

‘ಇನ್’ ಮತ್ತು ‘ಸರ’ ಸೇರಿದಾಗ ಇಂಸರ ಎಂದಾಗದೆ ಇಂಚರ ಏಕಾಯಿತು? ಇದು ಹಳಗನ್ನಡದ ಆದೇಶಸಂಧಿಯ ಒಂದು ಸ್ವಾರಸ್ಯಕರವಾದ ವಿಷಯ. ಉತ್ತರಪದದ ಆದಿಯ ಕ, ತ, ಪಗಳಿಗೆ ಗ, ದ, ಬಗಳು ಆದೇಶವಾಗಿ ಬರುವುದನ್ನು ಶಾಲೆಯಲ್ಲಿ ಎಲ್ಲರೂ ಕಲಿತಿರುತ್ತೇವೆ. ಬೆಂಗದಿರ್, ತಂಬೆಲರ್ ಇವು ಅದಕ್ಕೆ ನಿದರ್ಶನ. ಮೇಲೆ ಹೇಳಿದ ಇಂಗಡಲೂ ಅದೇ. ಸಕಾರಕ್ಕೆ ಬರುವ ಆದೇಶ ಅಷ್ಟು ಸರಳವಲ್ಲ. ಒಮ್ಮೆ ಚಕಾರ, ಒಮ್ಮೆ ಛಕಾರ, ಒಮ್ಮೆ ಜಕಾರ ಬರುತ್ತದೆ. ‘ಮುನ್’ ಮತ್ತು ‘ಸೆಱಗು’ ಸೇರಿ ಮುಂಜೆಱಗು. ‘ಮುನ್’ ಮತ್ತು ‘ಸೂರು’ ಸೇರಿ ಮುಂಜೂರು. ಆದರೆ ‘ಇನ್’ ಮತ್ತು ‘ಸರ’ ಸೇರಿ ಇಂಚರ. ‘ನುಣ್’ ಮತ್ತು ‘ಸರ’ ಸೇರಿ ನುಣ್ಚರ. ಸಾಸಿರ ಶಬ್ದವಂತೂ ಶಾಸನಗಳಲ್ಲಿ ಛಕಾರವನ್ನು ತಾಳುತ್ತದೆ; ಬನವಾಸಿ ನಾಡಿಗೆ ‘ಪನ್ನಿರ್ಚ್ಛಾಸಿರ’ ಎಂಬ ಹೆಸರು ಅಸಂಖ್ಯಾತ ಶಾಸನಗಳಲ್ಲಿ ಬರುತ್ತದೆ.

ಈ ಉದಾಹರಣೆಗಳನ್ನು ಬಿಡಿಬಿಡಿಯಾಗಿ ನೋಡಿದರೆ ಕವಿಗಳ ಇಚ್ಛೆಯಂತೆ ಆದೇಶ ನಡೆದಿದೆ ಎಂದು ತೋರಬಹುದು. ಒಟ್ಟಿಗೆ ಇಟ್ಟು ನೋಡಿದರೆ ಒಂದು ಕ್ರಮ ಕಾಣುತ್ತದೆ. ಸೆಱಗು, ಸೂರು ಇವು ದೇಶ್ಯಪದಗಳು. ಅಲ್ಲಿ ಜಕಾರ ಬಂದಿದೆ. ಸರ, ಸಾಸಿರ ಇವು ತದ್ಭವಗಳು. ಅಲ್ಲಿ ಚಕಾರ, ಛಕಾರಗಳು ಬಂದಿವೆ. ದ್ರಾವಿಡ ಮೂಲದ ಎಷ್ಟೋ ಕನ್ನಡ ಪದಗಳ ಆದಿಯ ಸಕಾರವು ಪ್ರಾಚೀನ ಚಕಾರದಿಂದ ಬಂದುದು ಎಂಬುದು ತೌಲನಿಕ ವ್ಯಾಕರಣದಿಂದ ಸಿದ್ಧವಾಗಿದೆ. ಅನುನಾಸಿಕದ ಮುಂದೆ ಕಕಾರ ಗಕಾರವಾಗುವಂತೆ ಈ ಹಳೆಯ ಚಕಾರವು ಜಕಾರವಾಗಿ ಮುಂಜೂರಿನಲ್ಲಿ ಉಳಿದಿದೆ ಎಂದು ವಿವರಿಸಬಹುದು. ತದ್ಭವಗಳ ಸಕಾರಕ್ಕೆ ಅಂತಹ ಚಕಾರದ ಪೂರ್ವಜನ್ಮವಿಲ್ಲ. ಅಲ್ಲಿ ಆಗಿರುವುದು ಬರಿಯ ಉಚ್ಚಾರಣೆಯ ಸೌಲಭ್ಯ. ನಕಾರದಿಂದ ಸಕಾರಕ್ಕೆ ನಾಲಗೆ ಜಾರುವಾಗ ನಡುವೆ ಒಂದು ಸ್ಪರ್ಶಧ್ವನಿ ಮೂಡುತ್ತದೆ, ಅದು ಬಲಿತು ಚಕಾರವಾಗುತ್ತದೆ. ಕೇವಲ ನಾಲ್ಕೈದು ಪದಗಳ ಆಧಾರದ ಮೇಲೆ ನಿಯಮವನ್ನು ಕಟ್ಟುವುದು ಸಾಹಸವೇ ಆದರೂ, ‘ಇಂಚರ’ದ ಚಕಾರವು ಆಕಸ್ಮಿಕವಲ್ಲ, ಅದು ‘ಸರ’ವು ಹೊರಗಿನಿಂದ ಬಂದು ಕನ್ನಡವಾದ ಪದ ಎಂಬುದರ ಗುರುತು ಎಂದು ಈ ಲೇಖಕನ ಅಭಿಪ್ರಾಯ.

೩

ಇಲ್ಲಿ ಇನ್ನೊಂದು ಪ್ರಶ್ನೆ ಏಳುತ್ತದೆ. ಕನ್ನಡದ ‘ಇನ್’ ಸಂಸ್ಕೃತ ಮೂಲದ ಪದದೊಡನೆ ಸೇರಿರುವುದರಿಂದ ಇದು ಅರಿಸಮಾಸವೇ? ಕನ್ನಡ ಸಂಸ್ಕೃತಗಳನ್ನು ಬೇಕಾದಂತೆ ಬೆಸೆಯುವುದರ ಬಗ್ಗೆ ನಮ್ಮ ಲಾಕ್ಷಣಿಕರ ಅಸಮಾಧಾನ ಪ್ರಾಚೀನವಾದುದು. ಒಂಬತ್ತನೆಯ ಶತಮಾನದ ಕವಿರಾಜಮಾರ್ಗವು ಅಂತಹ ಬೆರಕೆಯನ್ನು ಕುದಿಯುವ ಹಾಲಿಗೆ ಮಜ್ಜಿಗೆಯ ಹನಿ ಬೆರೆಸಿದುದಕ್ಕೆ ಹೋಲಿಸುತ್ತದೆ. ಹನ್ನೆರಡನೆಯ ಶತಮಾನದ ನಯಸೇನನು ತುಪ್ಪವನ್ನೂ ಎಣ್ಣೆಯನ್ನೂ ಬೆರೆಸಬಹುದೇ ಎಂದು ಕೇಳುತ್ತಾನೆ. ಹದಿಮೂರನೆಯ ಶತಮಾನದ ಕೇಶಿರಾಜನು ಶಬ್ದಮಣಿದರ್ಪಣದಲ್ಲಿ ಸಮಸಂಸ್ಕೃತ ಪದವನ್ನು ಕನ್ನಡ ಪದದೊಡನೆ ಸಮಾಸ ಮಾಡುವುದನ್ನು ನಿಷೇಧಿಸಿ, ಬಿರುದುಗಳಲ್ಲಿಯೂ ಹಿಂದಿನ ಕವಿಗಳು ರೂಢಿಗೊಳಿಸಿದ ಪ್ರಯೋಗಗಳಲ್ಲಿಯೂ ಮಾತ್ರ ವಿನಾಯಿತಿ ನೀಡುತ್ತಾನೆ.

‘ಇಂಚರ’ಕ್ಕೆ ಈ ವಿನಾಯಿತಿಯ ಅಗತ್ಯವೇ ಇಲ್ಲ. ‘ಸ್ವರ’ ಸಮಸಂಸ್ಕೃತ, ‘ಸರ’ ತದ್ಭವ. ತದ್ಭವವಾದ ಮೇಲೆ ಪದವು ಕನ್ನಡದ ಮನೆಯದಾಗುತ್ತದೆ, ಅದಕ್ಕೆ ಕನ್ನಡ ಪದದ ಕೈ ಹಿಡಿಯಲು ಅಡ್ಡಿಯಿಲ್ಲ. ತತ್ಸಮಗಳನ್ನು ದೂರವಿಟ್ಟು ದೇಶ್ಯ ತದ್ಭವಗಳಿಂದಲೇ ‘ಕಬ್ಬಿಗರ ಕಾವ’ವನ್ನು ರಚಿಸಿದ ಆಂಡಯ್ಯನ ಭಾಷಾದರ್ಶವು ನಿಂತಿರುವುದು ಈ ತತ್ತ್ವದ ಮೇಲೆಯೇ. ಇದಕ್ಕೆ ಪ್ರತಿಯಾಗಿ ಇತ್ತೀಚೆಗೆ ಕೇಳಿಬರುವ ‘ಹೊಂಗಿರಣ’ ಎಂಬ ಹೆಸರನ್ನು ನೋಡಬಹುದು. ಹೊನ್ನು ಕನ್ನಡ, ಕಿರಣ ಸಂಸ್ಕೃತ. ಕಕಾರಕ್ಕೆ ಗಕಾರಾದೇಶವೂ ಆಗಿರುವುದರಿಂದ ಬೆಸುಗೆ ಇನ್ನೂ ಗಟ್ಟಿ. ಕೇಶಿರಾಜನ ತಕ್ಕಡಿಯಲ್ಲಿ ಇದು ಸ್ಪಷ್ಟವಾಗಿ ಅರಿಸಮಾಸ. ಮಗುವಿನ ಹೆಸರೂ ಒಂದು ಬಗೆಯ ಬಿರುದೇ ಅಲ್ಲವೆ ಎಂದು ವಾದಿಸಿ ಅದನ್ನು ವಿನಾಯಿತಿಯ ಪಟ್ಟಿಗೆ ಸೇರಿಸಲು ಯಾರಾದರೂ ಮುಂದಾದರೆ, ಆ ವಾದವನ್ನು ತಳ್ಳಿಹಾಕುವುದು ಸುಲಭವಲ್ಲ.

‘ಇಂಪನ’ ಎಂಬ ಇನ್ನೊಂದು ಹೆಸರಿನ ಸ್ಥಿತಿ ಬೇರೆ. ಅದರಲ್ಲಿ ‘ಇಂಪು’ ಇದೆ. ಆದರೆ ಕೊನೆಯ ‘ಅನ’ ಎಲ್ಲಿಂದ ಬಂದಿತು? ಸಿಂಚನ, ಸ್ಪಂದನ, ಚಂದನ ಮೊದಲಾದ ಹೆಸರುಗಳ ಸದ್ದನ್ನು ಅನುಕರಿಸಿ ಕನ್ನಡದ ಬುಡಕ್ಕೆ ಸಂಸ್ಕೃತದ ತುದಿಯನ್ನು ಕಸಿಮಾಡಿದಂತೆ ಅದು ತೋರುತ್ತದೆ. ಕಿವಿಗೆ ಚೆನ್ನಾಗಿದೆ, ವ್ಯಾಕರಣಕ್ಕೆ ಮಾತ್ರ ಒಗ್ಗುವುದಿಲ್ಲ. ಇಂಚರವು ಇಂತಹ ಸೃಷ್ಟಿಯಲ್ಲ. ಅದು ಕಾವ್ಯದಲ್ಲಿ ಬಳಕೆಯಾಗಿದ್ದ ಪದ. ಹೊಸದಾಗಿರುವುದು ಪದವಲ್ಲ, ಅದನ್ನು ಹೆಸರಾಗಿ ಇಟ್ಟುದು.

೪

ಹಳಗನ್ನಡ ಕಾವ್ಯಗಳಲ್ಲಿ ‘ಇಂಚರ’ವು ಹೆಚ್ಚಾಗಿ ವಸಂತವರ್ಣನೆ, ವನವಿಹಾರ, ಸ್ತ್ರೀವರ್ಣನೆಗಳ ಸಂದರ್ಭದ ಪದ. ಕೋಗಿಲೆ, ಗಿಳಿ, ತುಂಬಿ ಇವುಗಳ ದನಿಗೂ ಹಾಡುವ ಹೆಣ್ಣಿನ ಕೊರಳಿಗೂ ಅದು ಸಲ್ಲುತ್ತದೆ. ಮೂಲಾರ್ಥದಲ್ಲಿ ಹಕ್ಕಿಗೆ ವಿಶೇಷ ಅಧಿಕಾರವೇನೂ ಇಲ್ಲ. ಇನಿದಾದ ಯಾವ ಸ್ವರವೂ ಇಂಚರವೇ. ಹೊಸಗನ್ನಡದಲ್ಲಿ ಈ ಅರ್ಥವ್ಯಾಪ್ತಿ ಕುಗ್ಗಿ ಹಕ್ಕಿಯ ದನಿಯ ಕಡೆಗೆ ವಾಲಿತು. ನವೋದಯದ ಭಾವಗೀತೆಗಳು ನಿಸರ್ಗವನ್ನು ಮೆಚ್ಚಿಕೊಂಡುದು ಇದಕ್ಕೆ ಮುಖ್ಯ ಕಾರಣ. ಸಂಗೀತ ಶಾಲೆಗಳಿಗೆ ಈ ಹೆಸರಿಡುವ ರೂಢಿಯಲ್ಲಿ ಮಾತ್ರ ಹಳೆಯ ವಿಶಾಲಾರ್ಥದ ನೆನಪು ಉಳಿದಿದೆ.

ಇಲ್ಲಿ ಗಮನಿಸಬೇಕಾದ ಒಂದು ಅಂಶವಿದೆ. ಕಾವ್ಯದಲ್ಲಿ ಇಂಚರವು ಹೆಣ್ಣಿನ ಹೆಸರಲ್ಲ, ಹೆಣ್ಣಿನ ಗುಣ. ನೋಡುವವನ ಕಣ್ಣಿಗೆ ಅವಳ ಮುಖ ತಾವರೆಯಾದಂತೆ, ಕೇಳುವವನ ಕಿವಿಗೆ ಅವಳ ದನಿ ಇಂಚರ. ಆ ದನಿಯಲ್ಲಿ ಅವಳು ಏನು ಹೇಳಿದಳು ಎಂಬುದು ವರ್ಣನೆಗೆ ಬೇಕಿಲ್ಲ. ಆದ್ದರಿಂದ ಈ ಹೆಸರಿನಲ್ಲಿ ಹಳೆಯ ಸ್ತ್ರೀವರ್ಣನೆಯ ನೆರಳಿದೆ, ಹೆಣ್ಣು ಮೆಲುದನಿಯವಳಾಗಿರಬೇಕೆಂಬ ನಿರೀಕ್ಷೆ ಅದರಲ್ಲಿ ಅಡಗಿದೆ ಎಂದು ಆಕ್ಷೇಪಿಸಲು ಸಾಧ್ಯವಿದೆ. ಆಕ್ಷೇಪವನ್ನು ಹಗುರವಾಗಿ ಕಾಣಬಾರದು. ಆದರೆ ಗುಣವಾಚಕವಾಗಿದ್ದ ಪದ ಅಂಕಿತನಾಮವಾದಾಗ ಅದರ ನೆಲೆಯೇ ಬದಲಾಗುತ್ತದೆ. ಕಾವ್ಯದ ಇಂಚರವನ್ನು ಕೇಳುವವನೊಬ್ಬ ಇರಲೇಬೇಕು. ತರಗತಿಯಲ್ಲಿ ಎದ್ದು ನಿಂತು ‘ಹಾಜರು’ ಎನ್ನುವ ಇಂಚರಳಿಗೆ ಅಂತಹ ಕೇಳುಗನ ಅಪ್ಪಣೆ ಬೇಕಿಲ್ಲ.

೫

ಕನ್ನಡ ಹೆಣ್ಣುಹೆಸರುಗಳ ದೀರ್ಘ ಇತಿಹಾಸದಲ್ಲಿ ಈ ಹೆಸರಿನ ಸ್ಥಾನವೇನು ಎಂಬುದನ್ನು ಈಗ ನೋಡಬಹುದು. ಹತ್ತನೆಯ ಶತಮಾನದ ಶಾಸನ ಮತ್ತು ಕಾವ್ಯಗಳಲ್ಲಿ ಅಬ್ಬೆ ಎಂಬ ಉತ್ತರಪದವುಳ್ಳ ಹೆಸರುಗಳು ಎದ್ದುಕಾಣುತ್ತವೆ. ಪಂಪನ ತಾಯಿ ಅಬ್ಬಣಬ್ಬೆ. ದಾನಚಿಂತಾಮಣಿಯೆಂದು ಕೀರ್ತಿಗೊಂಡವಳು ಅತ್ತಿಮಬ್ಬೆ, ಅವಳ ತಂಗಿ ಗುಂಡಮಬ್ಬೆ. ನಾಗರಖಂಡವನ್ನು ಆಳಿದವಳು ಜಕ್ಕಿಯಬ್ಬೆ. ರನ್ನನು ತನ್ನ ಪೋಷಕರ ಮೇಲಣ ಗೌರವದಿಂದ ಮಗನಿಗೆ ರಾಯನೆಂದೂ ಮಗಳಿಗೆ ಅತ್ತಿಮಬ್ಬೆಯೆಂದೂ ಹೆಸರಿಟ್ಟನು. ಕವಿಯೊಬ್ಬನ ಮಗಳಿಗೆ ಆಶ್ರಯದಾತೆಯ ಹೆಸರೇ ಅಂದು ಅತ್ಯಂತ ದೊಡ್ಡ ಹೆಸರಾಗಿತ್ತು ಎಂಬುದನ್ನು ಇದು ತಿಳಿಸುತ್ತದೆ. ಎರಡು ಶತಮಾನಗಳ ಬಳಿಕ ಹೊಯ್ಸಳರ ಕಾಲಕ್ಕೆ ಬಂದರೆ ತಾಯಿ ಮಾಚಿಕಬ್ಬೆ, ಮಗಳು ಶಾಂತಲದೇವಿ. ೧೧೩೧ರಲ್ಲಿ ಶಿವಗಂಗೆಯಲ್ಲಿ ತೀರಿಕೊಂಡ ಈ ರಾಣಿಯ ಹೆಸರನ್ನು ಅವಳ ತಾಯಿಯ ಹೆಸರಿನ ಪಕ್ಕದಲ್ಲಿ ಇಟ್ಟು ನೋಡಿದರೆ, ಒಂದು ತಲೆಮಾರಿನೊಳಗೆ ಹೆಸರಿನ ರುಚಿ ಹೇಗೆ ಬದಲಾಗಬಹುದು ಎಂಬುದು ತಿಳಿಯುತ್ತದೆ. ಮುಂದೆ ಅಬ್ಬೆ ಹಿಂದೆ ಸರಿದು, ಉತ್ತರದಲ್ಲಿ ಅವ್ವ, ದಕ್ಷಿಣದಲ್ಲಿ ಅಮ್ಮ ಹೆಚ್ಚು ಪ್ರಚಾರಕ್ಕೆ ಬಂದುವು. ಶರಣೆಯರಲ್ಲಿ ಅಕ್ಕ ನೆಲೆಯೂರಿತು.

ಈ ಹೆಸರುಗಳ ಪೂರ್ವಪದಗಳಲ್ಲಿ ತದ್ಭವಗಳು ಹೇರಳವಾಗಿವೆ ಎಂಬುದು ನಮ್ಮ ಚರ್ಚೆಗೆ ಬಹಳ ಮುಖ್ಯ. ‘ಜಕ್ಕಿ’ ಎಂಬುದು ಯಕ್ಷಿಯ ತದ್ಭವ. ರನ್ನನ ಮಡದಿಯರಲ್ಲಿ ಒಬ್ಬಳ ಹೆಸರೂ ಜಕ್ಕಿಯೇ. ಆಯ್ದಕ್ಕಿ ಲಕ್ಕಮ್ಮನ ‘ಲಕ್ಕ’ ಲಕ್ಷ್ಮಿಯ ತದ್ಭವ. ನಾಡನ್ನು ಆಳಿದವಳಿಗೂ ವಚನಕಾರ್ತಿಗೂ ತದ್ಭವದ ಹೆಸರು ಕೀಳೆನಿಸಲಿಲ್ಲ. ಕಾಲಕ್ರಮದಲ್ಲಿ ಈ ಮನೋಭಾವ ಬದಲಾಯಿತು. ಅಕ್ಷರ ಕಲಿತ ಕುಟುಂಬಗಳಲ್ಲಿ ಲಕ್ಕಮ್ಮನ ಮೊಮ್ಮಗಳು ಲಕ್ಷ್ಮೀದೇವಿಯಾದಳು. ಅವಳ ಮಗಳು ಶ್ರೀಲಕ್ಷ್ಮಿಯೋ ವಿಜಯಲಕ್ಷ್ಮಿಯೋ ಆದಳು. ತದ್ಭವದ ಹೆಸರು ಹಳ್ಳಿಯ ಗುರುತಾಗಿ, ಬಡತನದ ಗುರುತಾಗಿ, ಕೆಲವೊಮ್ಮೆ ಜಾತಿಯ ಗುರುತಾಗಿ ಉಳಿಯಿತು.

ಈ ಹಿನ್ನೆಲೆಯಲ್ಲಿ ಇಂಚರವನ್ನು ನೋಡಿದರೆ ಒಂದು ವಿಪರ್ಯಾಸ ಕಾಣುತ್ತದೆ. ಭಾಷಾಶಾಸ್ತ್ರದ ದೃಷ್ಟಿಯಿಂದ ಲಕ್ಕಮ್ಮನ ‘ಲಕ್ಕ’ಕ್ಕೂ ಇಂಚರಳ ‘ಚರ’ಕ್ಕೂ ಕುಲಭೇದವಿಲ್ಲ, ಎರಡೂ ತದ್ಭವಗಳೇ. ಆದರೂ ಒಂದು ಹೆಸರು ಹಳೆಯದೆನಿಸಿ ತಿರಸ್ಕೃತವಾಗಿದೆ, ಇನ್ನೊಂದು ಹೊಸದೆನಿಸಿ ಸ್ವಾಗತಗೊಂಡಿದೆ. ವ್ಯತ್ಯಾಸವಿರುವುದು ಬಂದ ದಾರಿಯಲ್ಲಿ. ಲಕ್ಕಮ್ಮ ಹೊಲಮನೆಗಳ ಬಾಯಿಂದ ಬಾಯಿಗೆ ಸಾಗಿ ಬಂದವಳು. ಇಂಚರ ಕಾವ್ಯದ ಪುಟದಿಂದ, ಪಠ್ಯಪುಸ್ತಕದ ಸಂಧಿಯ ಪಾಠದಿಂದ, ಭಾವಗೀತೆಯ ಗಾಯನದಿಂದ ಇಳಿದು ಬಂದವಳು. ‘ಸಿರಿ’ ಎಂಬ ಹೆಸರು ಈ ಎರಡು ದಾರಿಗಳ ನಡುವೆ ನಿಂತಿದೆ. ಅದೂ ಶ್ರೀ ಶಬ್ದದ ತದ್ಭವವೇ. ತುಳುನಾಡಿನ ಸಿರಿ ಸಂಧಿಯ ನಾಯಕಿಯ ಹೆಸರಾಗಿ ಜನರ ಬಾಯಲ್ಲಿಯೂ ಇತ್ತು, ಈಗ ನಗರಗಳಲ್ಲಿ ಹೊಸ ಹೆಸರಾಗಿಯೂ ಚಲಾವಣೆಗೆ ಬಂದಿದೆ. ದೇಶ್ಯ ತದ್ಭವಗಳ ಹೆಸರುಗಳು ಮರಳಿ ಬರುತ್ತಿವೆ ಎಂದು ಹಿಗ್ಗುವ ಭಾಷಾಭಿಮಾನಿಗಳು, ಯಾವ ತದ್ಭವಗಳು ಮರಳುತ್ತಿವೆ, ಯಾವುವು ಮರಳುತ್ತಿಲ್ಲ ಎಂಬುದನ್ನೂ ಕೇಳಿಕೊಳ್ಳಬೇಕಾಗಿದೆ.

೬

ದೇವತೆಯ, ಹಿರಿಯರ, ಪೋಷಕರ ಹೆಸರುಗಳನ್ನು ಬಿಟ್ಟು ಸುಂದರವಾದ ಒಂದು ಪದವನ್ನೇ ಹೆಸರಾಗಿ ಆರಿಸಿಕೊಳ್ಳುವ ಪ್ರವೃತ್ತಿಯ ಹಿಂದೆ ನವೋದಯ ಸಾಹಿತ್ಯದ ಪ್ರೇರಣೆಯಿದೆ. ಕುವೆಂಪು ತಮ್ಮ ಗಂಡುಮಕ್ಕಳಿಗೆ ಪೂರ್ಣಚಂದ್ರ ತೇಜಸ್ವಿ, ಕೋಕಿಲೋದಯ ಚೈತ್ರ ಎಂದು ಹೆಸರಿಟ್ಟುದು ಇದಕ್ಕೆ ಪ್ರಸಿದ್ಧ ನಿದರ್ಶನ. ಅಲ್ಲಿ ವಸಂತವಿದೆ, ಕೋಗಿಲೆಯಿದೆ. ಆದರೆ ನುಡಿ ಸಂಸ್ಕೃತ. ಕವಿಯ ಮನೆಯಲ್ಲಿ ಕೋಕಿಲೋದಯವಾಗಿದ್ದ ಭಾವವು ಮುಂದಿನ ತಲೆಮಾರುಗಳ ಸಾಮಾನ್ಯ ಓದುಗರ ಮನೆಯಲ್ಲಿ ಇಂಚರವಾಯಿತು ಎನ್ನಬಹುದು. ಇಬ್ಬನಿ, ನೇಸರ, ಒಲವು ಮೊದಲಾದ ಹೆಸರುಗಳೂ ಈ ಬಗೆಯವೇ. ಕನ್ನಡ ಪದಗಳ ರಚನೆಯನ್ನು ಕುರಿತ ಡಿ. ಎನ್. ಶಂಕರ ಭಟ್ಟರ ಬರೆಹಗಳು, ಜಿ. ವೆಂಕಟಸುಬ್ಬಯ್ಯನವರ ‘ಇಗೋ ಕನ್ನಡ’ ಅಂಕಣ ಇವು ಮೂಡಿಸಿದ ಪದಾಸಕ್ತಿಯನ್ನೂ ಈ ವಾತಾವರಣದ ಭಾಗವೆಂದೇ ಪರಿಗಣಿಸಬೇಕು.

ಸಾಹಿತ್ಯದ ಕಾರಣ ಹೀಗಿದ್ದರೆ, ಪಂಚಾಂಗದ ಕಾರಣವೂ ಒಂದಿದೆ. ನಕ್ಷತ್ರದ ಪಾದಕ್ಕೆ ಅನುಗುಣವಾದ ಅಕ್ಷರದಿಂದ ಹೆಸರಿಡುವ ಸಂಪ್ರದಾಯದಲ್ಲಿ ಕೃತ್ತಿಕಾ ನಕ್ಷತ್ರದ ನಾಲ್ಕು ಪಾದಗಳಿಗೆ ಅ, ಈ, ಉ, ಏ ಎಂಬ ಅಕ್ಷರಗಳು ಗೊತ್ತಾಗಿವೆ. ಎರಡನೆಯ ಪಾದದಲ್ಲಿ ಹುಟ್ಟಿದ ಹೆಣ್ಣುಮಗುವಿಗೆ ಇಕಾರದಿಂದ ಹೆಸರು ಹುಡುಕಬೇಕು. ಇಂದಿರಾ, ಇಂದುಮತಿ, ಇಳಾ ಎಂದು ಎಣಿಸುವಷ್ಟರಲ್ಲಿ ಸಂಸ್ಕೃತದ ರೂಢ ಹೆಸರುಗಳು ಮುಗಿಯುತ್ತಾ ಬರುತ್ತವೆ. ಅವು ಅಜ್ಜಿಯ ಕಾಲದವು ಎಂಬ ತಕರಾರು ಬೇರೆ. ಆಗ ಇಂಚರವು ಒದಗಿಬರುತ್ತದೆ. ಅಚ್ಚಗನ್ನಡದ ಅಭಿಮಾನದಿಂದ ಇಟ್ಟಂತೆ ಕಾಣುವ ಹೆಸರಿನ ಹಿಂದೆ ಜಾತಕದ ಅಕ್ಷರವಿರುವುದು ಅಪರೂಪವೇನಲ್ಲ. ಇವೆರಡರಲ್ಲಿ ವಿರೋಧವನ್ನು ಕಾಣುವವರು ಸಂಶೋಧಕರು ಮಾತ್ರ. ಮಗುವಿನ ಮನೆಯವರಿಗೆ ಅಲ್ಲಿ ಯಾವ ವಿರೋಧವೂ ಕಾಣುವುದಿಲ್ಲ.

ಇವೆಲ್ಲಕ್ಕಿಂತ ಆಳವಾದ ಇನ್ನೊಂದು ಸಂಗತಿಯಿದೆ. ನಮ್ಮ ಹಳ್ಳಿಗಳಲ್ಲಿ ‘ಸಾಕಮ್ಮ’, ‘ಸಾಕವ್ವ’ ಎಂಬ ಹೆಸರುಗಳಿವೆ. ಇಲ್ಲಿನ ‘ಸಾಕು’ ಸಲಹುವ ಅರ್ಥದ ಧಾತುವೂ ಆಗಬಹುದು. ಆದರೆ ಸಾಲಾಗಿ ಹೆಣ್ಣುಮಕ್ಕಳು ಹುಟ್ಟಿದ ಮನೆಯಲ್ಲಿ ‘ಇನ್ನು ಸಾಕು’ ಎಂಬ ಬೇಸರವೇ ಹೆಸರಾಗಿ ನಿಂತುದೂ ಉಂಟು. ನೆರೆಯ ಮಹಾರಾಷ್ಟ್ರದ ‘ನಕುಶಾ’ ಎಂಬ ಹೆಸರಿಗೆ ಬೇಡವಾದವಳು ಎಂದೇ ಅರ್ಥ. ೨೦೧೧ರ ಅಕ್ಟೋಬರ್‌ನಲ್ಲಿ ಸಾತಾರಾ ಜಿಲ್ಲೆಯಲ್ಲಿ ಇಂತಹ ಹೆಸರು ಹೊತ್ತ ೨೮೫ ಹೆಣ್ಣುಮಕ್ಕಳಿಗೆ ಸಾರ್ವಜನಿಕ ಸಮಾರಂಭದಲ್ಲಿ ಹೊಸ ಹೆಸರುಗಳನ್ನು ಇಡಲಾಯಿತು. ಹದಿನೇಳನೆಯ ಶತಮಾನದಲ್ಲಿ ಸಂಚಿಯ ಹೊನ್ನಮ್ಮ ‘ಹದಿಬದೆಯ ಧರ್ಮ’ದಲ್ಲಿ ಹೆಣ್ಣನ್ನು ಕೀಳೆಂದು ಬಗೆಯುವವರ ಕಣ್ಣಿಲ್ಲದ ನೋಟವನ್ನು ಪ್ರಶ್ನಿಸಿದ್ದಳು, ಆ ಪ್ರಶ್ನೆ ಅಂದಿಗೇ ಮುಗಿದಿರಲಿಲ್ಲ. ಸಾಕಮ್ಮನಿಂದ ಇಂಚರಕ್ಕೆ ಬಂದ ದೂರವು ಶಬ್ದಕೋಶದಲ್ಲಿ ಅಳೆಯುವಂತಹುದಲ್ಲ. ಒಂದು ಹೆಸರು ಹುಟ್ಟಿದ ಮಗುವಿಗೆ ಬಾಗಿಲು ಮುಚ್ಚುವ ಮಾತು. ಇನ್ನೊಂದು ಆ ಮಗುವಿನ ಮೊದಲ ಅಳುವನ್ನೇ ಇನಿದಾದ ಸ್ವರವೆಂದು ಕೇಳಿಸಿಕೊಂಡ ಮಾತು.

೭

ಕೊನೆಯದಾಗಿ ಬಳಕೆಯ ಕೆಲವು ತೊಡಕುಗಳನ್ನು ಪರಿಶೀಲಿಸಬೇಕು. ‘ಇಂಚರ’ವು ವ್ಯಾಕರಣದಲ್ಲಿ ನಪುಂಸಕಲಿಂಗದ ಪದ. ಅದನ್ನು ಹೆಣ್ಣಿಗೆ ಇಟ್ಟಾಗ ಅರ್ಥವನ್ನನುಸರಿಸಿ ಸ್ತ್ರೀಲಿಂಗವಾಗುತ್ತದೆ. ‘ಇಂಚರ ಬಂದಿತು’ ಎಂದರೆ ದನಿ, ‘ಇಂಚರ ಬಂದಳು’ ಎಂದರೆ ಹುಡುಗಿ. ಷಷ್ಠಿಯಲ್ಲಿ ವ್ಯತ್ಯಾಸ ಇನ್ನೂ ಸ್ಪಷ್ಟ: ‘ಇಂಚರದ ಸೊಗಸು’ ಹಕ್ಕಿಯದು, ‘ಇಂಚರಳ ಪುಸ್ತಕ’ ಹುಡುಗಿಯದು. ಸಂಸ್ಕೃತದ ಆಕಾರಾಂತ ಸ್ತ್ರೀಲಿಂಗದ ಸೆಳೆತದಿಂದ ಹಲವರು ‘ಇಂಚರಾ’ ಎಂದು ದೀರ್ಘವಾಗಿ ಬರೆಯುತ್ತಾರೆ. ಗೀತಾ, ಸೀತಾಗಳಿಗೆ ಸಲ್ಲುವ ದೀರ್ಘವು ಇಲ್ಲಿ ಸಲ್ಲದು. ಏಕೆಂದರೆ ಪದವು ಆಕಾರಾಂತವಾದ ಸಂ‌ಸ್ಕೃತ ಪ್ರಕೃತಿಯಲ್ಲ. ಕರೆಯುವಾಗ ಮಾತ್ರ ‘ಇಂಚರಾ’ ಎನ್ನುವುದು ಸಾಧು, ಅದು ಸಂಬೋಧನೆಯ ದೀರ್ಘ. ಬರೆಹದ ದೀರ್ಘಕ್ಕೆ ರೋಮನ್ ಲಿಪಿಯ ಪಾಲೂ ಇದೆ. ಆ ಲಿಪಿಯಲ್ಲಿ ಹ್ರಸ್ವ ದೀರ್ಘಗಳ ಭೇದ ಉಳಿಯುವುದಿಲ್ಲವಾದ್ದರಿಂದ, ಪಾಸ್‌ಪೋರ್ಟಿನಲ್ಲಿಯೋ ಅಂಕಪಟ್ಟಿಯಲ್ಲಿಯೋ ಇರುವ ಹೆಸರನ್ನು ಕನ್ನಡ ಬಾರದವರು ‘ಇಂಚಾರ’ ಎಂದೂ ಓದಬಹುದು, ‘ಇಂಚರಾ’ ಎಂದೂ ಓದಬಹುದು.

ಮನೆಯಲ್ಲಿ ಮುದ್ದಿಗೆ ಹೆಸರನ್ನು ಕಿರಿದಾಗಿಸಿದಾಗ ‘ಇಂಚು’ ಉಳಿಯುತ್ತದೆ. ಅಳತೆಯ ಇಂಚನ್ನು ನೆನೆದು ಜೊತೆಯ ಮಕ್ಕಳು ಛೇಡಿಸುವುದು ಸಹಜವೇ. ವ್ಯುತ್ಪತ್ತಿಯ ಕಡೆಯಿಂದ ನೋಡಿದರೂ ಈ ಕಿರುರೂಪದಲ್ಲಿ ನಷ್ಟವಿದೆ: ಸವಿ ಉಳಿದು ಸ್ವರ ಹೋಗುತ್ತದೆ, ‘ಸರ’ದ ಗುರುತಾಗಿ ಒಂದು ಚಕಾರ ಮಾತ್ರ ಹಿಂದೆ ನಿಲ್ಲುತ್ತದೆ.